ಬಾಲಮಂದಿರದ ಮಕ್ಕಳು ಯಾರ ಮಕ್ಕಳು?



ಹಾಸ್ಟೆಲ್ಲಿನ ಅನ್ನ ಉಂಡು ಬೆಳೆದವರು ನಾವು. ಮೊದಲ ರಾತ್ರಿ ಟ್ರಂಕಿನ ಪಕ್ಕ ಮಲಗಿ ಅವ್ವನ್ನ ನೆನೆಸಿ ಅತ್ತವರು. ನಮಗಾದರೂ ದೀಪಾವಳಿಗೆ ಊರಿತ್ತು, ರೊಟ್ಟಿ ಬಡಿಯುವ ಅವ್ವ ಇದ್ದಳು. ಬಾಲಮಂದಿರದ ಎಷ್ಟೋ ಮಕ್ಕಳಿಗೆ ಅದೂ ಇಲ್ಲ. ಆರು ವರ್ಷದ ಹುಡುಗಿಗೆ ನಡುರಾತ್ರಿ ಜ್ವರ ಬಂದರೆ ಹಣೆ ಮುಟ್ಟಿ ನೋಡುವವರು ಯಾರು? ಹಾಸಿಗೆ ಒದ್ದೆ ಮಾಡಿದ ಹುಡುಗನನ್ನು ಬೈಯದೆ ಎಬ್ಬಿಸಿ ಚಡ್ಡಿ ಬದಲಿಸುವವರು ಯಾರು? ಇದು ನಮ್ಮ ಚಳವಳಿ ಕೇಳಬೇಕಾದ ಪ್ರಶ್ನೆ.

ಯಾಕಂದ್ರ, ಮಕ್ಕಳ 'ಉದ್ಧಾರ'ದ ಹೆಸರಿನಲ್ಲಿ ಏನು ನಡೀತು ಅನ್ನೋದನ್ನ ಹುಬ್ಬಳ್ಳಿ ಕಂಡಿದೆ. ಬ್ರಿಟಿಷರು ಕೆಲವು ಜಾತಿಗಳಿಗೆ ಹುಟ್ಟುಕಳ್ಳರು ಎಂದು ಮುದ್ರೆ ಒತ್ತಿ ಇಲ್ಲಿಯ ಸೆಟ್ಲಮೆಂಟಿನಲ್ಲಿ ಕೂಡಿಹಾಕಿದರು. 1924ರ ಅಪರಾಧಿ ಬುಡಕಟ್ಟುಗಳ ಕಾಯ್ದೆಯ ಪ್ರಕಾರ 6ರಿಂದ 18 ವರ್ಷದೊಳಗಿನ ಆ ಜನರ ಮಕ್ಕಳನ್ನು ತಂದೆತಾಯಿಯಿಂದ ಕಿತ್ತು ಸುಧಾರಣಾ ಶಾಲೆಗೆ ಹಾಕಬಹುದಿತ್ತು. ಆ ಕಾಯ್ದೆ 1952ರಲ್ಲಿ ಹೋಯಿತು. "ಅಂಥವರ ಮನ್ಯಾಗ ಬೆಳದ್ರ ಹುಡುಗ್ರು ಕೆಡ್ತಾವು" ಅನ್ನೋ ಮಾತು ಇನ್ನೂ ಹೋಗಿಲ್ಲ.

ಅದೇ ಕಾಲದಲ್ಲಿ, 1928ರಲ್ಲಿ, ಬಾಬಾಸಾಹೇಬರು ದಲಿತರ ಶಿಕ್ಷಣಕ್ಕೆಂದು ಸಂಸ್ಥೆ ಕಟ್ಟಿ ಹಾಸ್ಟೆಲುಗಳನ್ನು ನಡೆಸಿದರು. ಅವುಗಳಲ್ಲಿ ಒಂದು ನಮ್ಮ ಧಾರವಾಡದ್ದು. ಎರಡು ಕಡೆಯೂ ಮಕ್ಕಳು ಮನೆ ಬಿಟ್ಟೇ ಬಂದರು. ಅಲ್ಲಿ ಕಾನೂನು ಎಳೆದು ತಂತು. ಇಲ್ಲಿ ಓದಿ ಮನುಷ್ಯ ಆಗಲಿ ಅಂತ ಹೆತ್ತವರೇ ಕಳಿಸಿದರು.

ಬಡತನ ಒಂದೇ ಕಾರಣಕ್ಕೆ ಮಗುವನ್ನು ಮನೆಯಿಂದ ಬೇರೆ ಮಾಡಬಾರದೆಂದು ವಿಶ್ವಸಂಸ್ಥೆ 2009ರಲ್ಲಿ ಹೇಳಿತು. ಸಂಸ್ಥೆಗೆ ಸೇರಿಸುವುದು ಕೊನೆಯ ದಾರಿ ಎಂದು ನಮ್ಮ 2015ರ ಬಾಲನ್ಯಾಯ ಕಾಯ್ದೆಯೂ ಹೇಳುತ್ತದೆ. ಹಾಗಾದರೆ ಕೂಲಿ ಇಲ್ಲದ ತಾಯಿಗೆ ಮೊದಲು ಕೂಲಿ ಕೊಡಿಸಿ. ಆಕೆ ಮಗುವನ್ನು ನೋಡಲು ಬಂದರೆ ಗೇಟಿನ ಹೊರಗೆ ನಿಲ್ಲಿಸದೆ ಒಳಗೆ ಕರೆದು ಕೂಡಿಸಿ.

ನಿಜವಾಗಿ ಮನೆಯೇ ಇಲ್ಲದ ಮಕ್ಕಳಿಗೆ ಬಾಲಮಂದಿರ ಬೇಕೇ ಬೇಕು. ಅಲ್ಲಿ ಅವರನ್ನು ಸಾಕುವವರು ತಲೆ ಬಾಚುವ, ಅನ್ನ ಬೇಯಿಸುವ ಹೆಣ್ಣುಮಕ್ಕಳು. ಅವರಿಗೆ ಹೊತ್ತಿಗೆ ಸರಿಯಾಗಿ ಪಗಾರ ಸಿಗಬೇಕು, ಕೆಲಸ ಕಾಯಂ ಆಗಬೇಕು. ಆಯಾ ಪದೇ ಪದೇ ಬದಲಾದರೆ ಮಗು ಪದೇ ಪದೇ ತಬ್ಬಲಿಯಾಗುತ್ತದೆ.

ಕೇಕು ಕತ್ತರಿಸಿ ಮಕ್ಕಳ ಜೊತೆ ಫೋಟೋ ಹೊಡೆಸಿಕೊಂಡು ಹೋಗುವವರು ಬಹಳ ಮಂದಿ ಇದ್ದಾರೆ. ಆ ಮಕ್ಕಳ ಗುರುತು ಬಯಲು ಮಾಡುವುದು ಕಾನೂನಿನಲ್ಲಿ ಅಪರಾಧ. ನಾವು ಹಾಗೆ ಹೋಗುವುದು ಬೇಡ. ಅನುಮತಿ ಪಡೆದು ರವಿವಾರ ರವಿವಾರ ಹೋಗೋಣ, ಗಣಿತ ಹೇಳಿಕೊಡೋಣ. 2016ರ ನಿಯಮಗಳು ಹೇಳಿದ ಮಕ್ಕಳ ಸಮಿತಿ ಸೇರುತ್ತದೆಯೇ, ಊಟದ ಬಗ್ಗೆ ಮಕ್ಕಳ ಮಾತು ಕೇಳುತ್ತಾರೆಯೇ ಎಂದು ವಿಚಾರಿಸೋಣ. ಒಮ್ಮೆ ಹೋದರೆ ಸಾಲದು. ಮುಂದಿನ ವಾರ ಬರ್ತೀವಿ ಅಂದರೆ ಬರಬೇಕು. ಮಕ್ಕಳು ಬಾಗಿಲು ಕಾಯ್ತಿರ್ತಾವು.