ಚಿಪ್ಪು ಇದ್ದರೆ ಸಾಕೇ?



ಹೋದ ತಿಂಗಳು ವಿಜ್ಞಾನದ ಪೀರಿಯಡ್‌ನಲ್ಲಿ ಮೇಷ್ಟ್ರು ಒಂದು ಪ್ರಶ್ನೆ ಕೇಳಿದರು. "ಯಾರಿಗೂ ಹೆದರದೆ ಆರಾಮಾಗಿ ಇರೋ ಪ್ರಾಣಿ ಯಾವುದು?" ಅಂತ. ನಾವೆಲ್ಲಾ ಹುಲಿ, ಆನೆ ಅಂತ ಕೂಗಿದೆವು. ಹಿಂದಿನ ಸಾಲಿನಿಂದ ಒಬ್ಬ ಎದ್ದು, "ಆಮೆ ಸಾರ್. ಅದು ಮನೇನೇ ಬೆನ್ನ ಮೇಲೆ ಹೊತ್ಕೊಂಡೈತೆ. ಯಾರಾದ್ರೂ ಬಂದ್ರೆ ಬಾಗ್ಲು ಹಾಕ್ಕೊಂತೈತೆ" ಅಂದ. ಎಲ್ಲರೂ ನಕ್ಕರು. ಮೇಷ್ಟ್ರು "ಭೇಷ್" ಅಂದರು. ನನಗೆ ಮಾತ್ರ ನಗು ಬರಲಿಲ್ಲ. ಆ ಉತ್ತರ ಅರ್ಧ ಸರಿ, ಅರ್ಧ ತಪ್ಪು ಅಂತ ನನಗೆ ಗೊತ್ತಿತ್ತು. ಅವತ್ತು ಎದ್ದು ಹೇಳಲು ನಾಚಿಕೆ ಆಯಿತು. ಅದಕ್ಕೇ ಈಗ ನಮ್ಮ ಗೋಡೆ ಪತ್ರಿಕೆಯಲ್ಲಿ ಬರೆಯುತ್ತಿದ್ದೇನೆ.

ಮೊದಲು ಸರಿಯಾದ ಅರ್ಧ ಹೇಳುತ್ತೇನೆ. ನಮ್ಮ ಹೊಲಗಳ ಬದುವಿನಲ್ಲಿ, ಕುರುಚಲು ಕಾಡಿನಲ್ಲಿ ನಕ್ಷತ್ರ ಆಮೆ ಇರುತ್ತದೆ. ಅದರ ಚಿಪ್ಪು ನಾವು ಅಂಗಿ ಹಾಕಿಕೊಂಡ ಹಾಗಲ್ಲ. ಅದರ ಬೆನ್ನುಮೂಳೆ, ಪಕ್ಕೆಲುಬು ಎಲ್ಲಾ ಚಿಪ್ಪಿಗೇ ಕೂಡಿಕೊಂಡಿವೆ. ಆದ್ದರಿಂದ ಆಮೆ ಚಿಪ್ಪು ಬಿಟ್ಟು ಹೊರಗೆ ಬರಲು ಆಗುವುದೇ ಇಲ್ಲ. ಒಳಗಡೆ ಮೂಳೆ, ಮೇಲೆ ನಮ್ಮ ಉಗುರಿನಂಥ ಗಟ್ಟಿ ಪದರ. ತಲೆ ಒಳಗೆ ಎಳೆದುಕೊಂಡರೆ ಮುಂದಿನ ಎರಡು ಕಾಲುಗಳೇ ಬಾಗಿಲು. ಕಪ್ಪು ಬೆನ್ನಿನ ಮೇಲೆ ಹಳದಿ ಗೆರೆಗಳು ಇರುವುದರಿಂದ ಒಣ ಹುಲ್ಲಿನಲ್ಲಿ ಕೂತರೆ ಪಕ್ಕದಲ್ಲೇ ಇದ್ದರೂ ಕಾಣುವುದಿಲ್ಲ.

ಚಿಪ್ಪುಹಂದಿಯ ಮೈಮೇಲೆ ಹೆಂಚಿನ ಮನೆಯ ಮಾಡಿನ ಹಾಗೆ ಒಂದರ ಮೇಲೊಂದು ಚಿಪ್ಪು ಇರುತ್ತವೆ. ಅದಕ್ಕೆ ಒಂದು ಹಲ್ಲೂ ಇಲ್ಲ. ಉಗುರಿನಿಂದ ಹುತ್ತ ಕೆರೆದು, ಉದ್ದನೆಯ ಅಂಟು ನಾಲಿಗೆ ಚಾಚಿ ಇರುವೆ, ಗೆದ್ದಲು ತಿನ್ನುತ್ತದೆ. ಚಿರತೆ ಬಂದರೆ ಚೆಂಡಿನ ಹಾಗೆ ಸುತ್ತಿಕೊಳ್ಳುತ್ತದೆ. ಮುಖ, ಹೊಟ್ಟೆ ಒಳಗಡೆ, ಚಿಪ್ಪು ಹೊರಗಡೆ. ಹಲ್ಲು ಹಾಕಲು ಜಾಗವೇ ಸಿಗುವುದಿಲ್ಲ. ಅದು ರಾತ್ರಿ ಹೊತ್ತು ಓಡಾಡುವ ಪ್ರಾಣಿ, ಅದಕ್ಕೇ ನಮ್ಮಲ್ಲಿ ಬಹಳ ಜನ ನೋಡಿಲ್ಲ. ನಾನೂ ನೋಡಿಲ್ಲ. ನಮ್ಮ ಅಜ್ಜಿ ಚಿಕ್ಕವರಿದ್ದಾಗ ಒಂದು ಸಲ ನೋಡಿದ್ದರಂತೆ.

ಮುಳ್ಳುಹಂದಿ ಮುಳ್ಳನ್ನು ಬಾಣದ ಹಾಗೆ ಎಸೆಯುತ್ತದೆ ಅಂತ ನಮ್ಮೂರಲ್ಲಿ ಹೇಳುತ್ತಾರೆ. ಅದು ಸುಳ್ಳು. ಆ ಮುಳ್ಳುಗಳು ಗಟ್ಟಿಯಾದ ಕೂದಲು ಅಷ್ಟೆ. ಶತ್ರು ಬಂದರೆ ಅದು ಮುಳ್ಳು ನಿಗುರಿಸಿ, ಬೆನ್ನು ತಿರುಗಿಸಿ ಹಿಂದಕ್ಕೆ ನುಗ್ಗುತ್ತದೆ. ಮುಳ್ಳು ಸಡಿಲ ಇರುವುದರಿಂದ ಕಿತ್ತುಕೊಂಡು ಶತ್ರುವಿನ ಮೈಗೆ ನಾಟುತ್ತವೆ. ಪಂಜಕ್ಕೆ ಮುಳ್ಳು ಚುಚ್ಚಿಕೊಂಡ ಚಿರತೆಗೆ ಬೇಟೆಯಾಡುವುದೇ ಕಷ್ಟ.

ಈಗ ಇನ್ನೊಂದು ಅರ್ಧಕ್ಕೆ ಬರುತ್ತೇನೆ. ನಾವೆಲ್ಲರೂ ಚಿತ್ರದುರ್ಗದ ಕೋಟೆ ನೋಡಿದ್ದೇವೆ. ಏಳು ಸುತ್ತಿನ ಕೋಟೆ, ದೊಡ್ಡ ದೊಡ್ಡ ಕಲ್ಲು. ಅಷ್ಟು ಭದ್ರವಾದ ಕೋಟೆಗೂ ಒಂದು ಸಣ್ಣ ಕಿಂಡಿ ಇತ್ತು. ಹೈದರಾಲಿಯ ಸೈನಿಕರು ಅಲ್ಲಿಂದಲೇ ಒಬ್ಬೊಬ್ಬರಾಗಿ ನುಸುಳಿದರು. ಕಾವಲುಗಾರ ಊಟಕ್ಕೆ ಹೋಗಿದ್ದಾಗ ಅವನ ಹೆಂಡತಿ ಓಬವ್ವ ಒನಕೆ ಹಿಡಿದು ನಿಂತಳು. ಕಡೆಗೆ 1779ರಲ್ಲಿ ಆ ಕೋಟೆಯೂ ಹೈದರಾಲಿಯ ವಶವಾಯಿತು. ಕೋಟೆಗೆ ಒಂದು ಕಿಂಡಿ ಇದ್ದ ಹಾಗೆ ಪ್ರತಿಯೊಂದು ಚಿಪ್ಪಿಗೂ ಒಂದು ಕಿಂಡಿ ಇರುತ್ತದೆ ಅಂತ ನನಗೆ ಅನ್ನಿಸುತ್ತದೆ. ಮುಳ್ಳುಹಂದಿಯ ಮುಖದಲ್ಲಿ ಮುಳ್ಳಿಲ್ಲ. ಚಿಪ್ಪುಹಂದಿಯ ಹೊಟ್ಟೆಯಲ್ಲಿ ಚಿಪ್ಪಿಲ್ಲ. ಆಮೆಮರಿ ಮೊಟ್ಟೆಯಿಂದ ಬಂದಾಗ ಚಿಪ್ಪು ಇನ್ನೂ ಮೆತ್ತಗಿರುತ್ತದೆ, ಕಾಗೆಯೂ ತಿನ್ನಬಹುದು. ನಾಲೆಯ ಏಡಿಗೆ ದೊಡ್ಡದಾಗಬೇಕಾದರೆ ಹಳೇ ಚಿಪ್ಪು ಕಳಚಲೇಬೇಕು. ಹೊಸದು ಗಟ್ಟಿಯಾಗುವ ತನಕ ಅದು ಕಲ್ಲಿನ ಸಂದಿಯಲ್ಲಿ ಬಚ್ಚಿಟ್ಟುಕೊಂಡಿರುತ್ತದೆ.

ಇವೆಲ್ಲಾ ಸಣ್ಣ ಕಿಂಡಿಗಳು. ಎಲ್ಲಕ್ಕಿಂತ ದೊಡ್ಡ ಕಿಂಡಿ ನಮ್ಮ ಕೈ. ಇದನ್ನು ನಾನು ಪುಸ್ತಕದಲ್ಲಿ ಓದಿದ್ದಲ್ಲ. ನಾನೇ ತಪ್ಪು ಮಾಡಿ ತಿಳಿದುಕೊಂಡಿದ್ದು.

ನಾನು ಐದನೇ ಕ್ಲಾಸಿನಲ್ಲಿದ್ದಾಗ ಮಳೆಗಾಲದಲ್ಲಿ ಶೇಂಗಾ ಹೊಲದಲ್ಲಿ ಕಳೆ ಕೀಳುತ್ತಿದ್ದೆವು. ನನ್ನ ತಮ್ಮನಿಗೆ ಬದುವಿನ ಹತ್ತಿರ ಒಂದು ನಕ್ಷತ್ರ ಆಮೆ ಸಿಕ್ಕಿತು. ಎತ್ತಿದ ಕೂಡಲೇ ತಲೆ ಕಾಲು ಎಲ್ಲಾ ಒಳಗೆ ಎಳೆದುಕೊಂಡಿತು. ತಮ್ಮನ ಕೈಮೇಲೆ ಉಚ್ಚೆ ಹೊಯ್ದಿತು. ನಾವು ನಕ್ಕೆವು. ಮನೆಗೆ ತಂದು ಮಂಕರಿ ಕೆಳಗೆ ಮುಚ್ಚಿ ಇಟ್ಟೆವು. ಬೀದಿಯ ಹುಡುಗರೆಲ್ಲಾ ಬಂದು ಮಗುಚಿ ಹಾಕಿ ನೋಡಿದರು. ಅನ್ನ ಇಟ್ಟೆವು, ಮುದ್ದೆ ಇಟ್ಟೆವು, ಅದು ಮುಟ್ಟಲಿಲ್ಲ. ಪಕ್ಕದ ಮನೆಯವರು "ಇರ್ಲಿ ಬಿಡ್ರಿ, ಆಮೆ ಮನ್ಯಾಗಿದ್ರೆ ದುಡ್ಡು ಬತ್ತೈತೆ" ಅಂದರು.

ಮೂರನೇ ದಿನ ದುಡ್ಡು ಬಂದೇ ಬಂತು. ಬೈಕಿನಲ್ಲಿ ಯಾರೋ ಬಂದು ಐನೂರು ರೂಪಾಯಿ ಕೊಡುತ್ತೇನೆ, ಆಮೆ ಕೊಡಿ ಅಂದ. ಆ ವರ್ಷ ಮಳೆ ಸರಿಯಾಗಿ ಬಂದಿರಲಿಲ್ಲ. ನನ್ನ ಬ್ಯಾಗು ಹರಿದಿತ್ತು. ನಿಜ ಹೇಳುತ್ತೇನೆ, ಕೊಟ್ಟುಬಿಡೋಣ ಅಂತ ನನಗೂ ಆಸೆ ಆಯಿತು. ಅಪ್ಪ ಸುಮ್ಮನೆ ಅಜ್ಜಿಯ ಮುಖ ನೋಡಿದರು. ಅಜ್ಜಿ ಎದ್ದು ಹೋಗಿ ಮಂಕರಿ ಎತ್ತಿದರು. "ಅದು ತನ್ನ ಮನೆ ತಾನೇ ಹೊತ್ಕೊಂಡು ತಿರುಗ್ತೈತೆ. ನಮ್ಮತ್ರ ಏನು ಕೇಳೈತೆ ಅಂತ ಅದನ್ನ ಮಾರ್ತೀರ? ಎಲ್ಲಿ ಸಿಕ್ತೋ ಅಲ್ಲೇ ಬಿಟ್ಟು ಬಾರವ್ವ" ಅಂದರು. ಆ ಮನುಷ್ಯ ಗೊಣಗಿಕೊಂಡು ಹೋದ.

ನಾನೂ ತಮ್ಮನೂ ಅದೇ ಬದುವಿಗೆ ಹೋಗಿ ಬಿಟ್ಟೆವು. ನಾವು ನಿಂತಿರುವ ತನಕ ಅದು ತಲೆ ಹೊರಗೆ ಹಾಕಲಿಲ್ಲ. ಬೇವಿನ ಮರದ ತನಕ ಹೋಗಿ ತಿರುಗಿ ನೋಡಿದೆವು. ಆಮೆ ಇರಲಿಲ್ಲ.

ನನಗೆ ಆಮೇಲೆ ಒಂದು ವಿಷಯ ತಲೆಗೆ ಬಂತು. ಆ ಮೂರು ದಿನದಲ್ಲಿ ಅದರ ಚಿಪ್ಪಿಗೆ ಒಂದು ಗೀರೂ ಬಿದ್ದಿರಲಿಲ್ಲ. ಚಿಪ್ಪು ತನ್ನ ಕೆಲಸ ಸರಿಯಾಗಿ ಮಾಡಿತ್ತು. ಆದರೂ ಆಮೆ ಸಿಕ್ಕಿಬಿದ್ದಿತ್ತು. ಯಾಕೆಂದರೆ ಚಿಪ್ಪು ಇರುವುದು ಹಲ್ಲಿಗೆ, ಉಗುರಿಗೆ. ಚೀಲಕ್ಕಲ್ಲ, ಮಂಕರಿಗಲ್ಲ. ಬಾಗಿಲು ಹಾಕಿಕೊಂಡು ಕೂತ ಪ್ರಾಣಿಯನ್ನು ಎತ್ತಿಕೊಂಡು ಹೋಗುವುದು ಇನ್ನೂ ಸುಲಭ. ಚಿಪ್ಪುಹಂದಿಯದೂ ಅದೇ ಕಥೆ. ಚಿರತೆಗೆ ಬಿಚ್ಚಲು ಆಗದ ಚೆಂಡನ್ನು ಮನುಷ್ಯ ಒಂದು ಗೋಣಿಚೀಲದಲ್ಲಿ ಹಾಕಿಕೊಂಡು ಹೋಗುತ್ತಾನೆ.

ರಸ್ತೆಯಲ್ಲೂ ಹೀಗೇ ಆಗುತ್ತದೆ. ಈ ವರ್ಷ ಮೊದಲ ಮಳೆ ಬಂದ ಮಾರನೇ ದಿನ ನಾವು ಶಾಲೆಗೆ ಬರುವ ಟಾರು ರಸ್ತೆಯಲ್ಲಿ ಒಂದು ಆಮೆ ಜಜ್ಜಿಹೋಗಿತ್ತು. ನಿಮ್ಮಲ್ಲಿ ಕೆಲವರು ನೋಡಿರಬಹುದು. ನರಿ ಬಂದಾಗ ಆಮೆ ಕದಲದೆ ಕೂತರೆ ಬದುಕುತ್ತದೆ. ಲಾರಿ ಬಂದಾಗ ಕದಲದೆ ಕೂತರೆ ಸಾಯುತ್ತದೆ. ಅದಕ್ಕೆ ಅದು ಹೇಗೆ ಗೊತ್ತಾಗಬೇಕು? ಆಮೆಗಳು ಕೋಟಿಗಟ್ಟಲೆ ವರ್ಷದಿಂದ ಭೂಮಿಯ ಮೇಲಿವೆ. ಹಿರಿಯೂರು, ಚಿತ್ರದುರ್ಗದ ಮೇಲೆ ಹೋಗುವ ಹೈವೇಯಲ್ಲಿ ಲಾರಿಗಳು ಓಡಲು ಶುರುವಾಗಿದ್ದು ಮೊನ್ನೆ ಮೊನ್ನೆ. ಬೇಸಿಗೆಯಲ್ಲಿ ಗುಡ್ಡದ ಹುಲ್ಲಿಗೆ ಯಾರೋ ಬೀಡಿ ಎಸೆದು ಬೆಂಕಿ ಬಿದ್ದರೂ ಅಷ್ಟೇ. ಮೊಲ ಓಡುತ್ತದೆ, ಆಮೆ ಓಡಲಾರದು. ಮೈಮೇಲೆ ಅಷ್ಟು ಭಾರ ಹೊತ್ತವರು ಓಡುವುದು ಹೇಗೆ?

ಇನ್ನೂ ಬೇಜಾರಿನ ಸಂಗತಿ ಏನೆಂದರೆ, ಚಿಪ್ಪುಹಂದಿಯನ್ನು ಕೊಲ್ಲುವುದೇ ಅದರ ಚಿಪ್ಪಿಗಾಗಿ. ಹೊರದೇಶಗಳಲ್ಲಿ ಅದನ್ನು ಔಷಧಿ ಅಂತ ನಂಬಿ ಕೊಳ್ಳುತ್ತಾರೆ. ಆದರೆ ಆ ಚಿಪ್ಪು ಕೆರಾಟಿನ್ ಎಂಬ ವಸ್ತು, ನಮ್ಮ ಉಗುರು ಕೂದಲು ಆಗಿರುವುದೂ ಅದರಿಂದಲೇ. ನಾವು ಕತ್ತರಿಸಿ ತಿಪ್ಪೆಗೆ ಎಸೆಯುವ ಉಗುರಿಗಾಗಿ ಒಂದು ಜೀವ ತೆಗೆದ ಹಾಗಾಯಿತು. ಅದು ಒಂದು ಸಲಕ್ಕೆ ಸಾಮಾನ್ಯವಾಗಿ ಒಂದೇ ಮರಿ ಹಾಕುತ್ತದೆ. ಹೀಗೆ ಹಿಡಿಯುತ್ತಾ ಹೋದರೆ ಉಳಿಯುವುದೆಲ್ಲಿ? 2016ರಲ್ಲಿ ದಕ್ಷಿಣ ಆಫ್ರಿಕಾದ ಜೋಹಾನ್ಸ್‌ಬರ್ಗ್‌ನಲ್ಲಿ ದೇಶಗಳೆಲ್ಲಾ ಸಭೆ ಸೇರಿ ಎಲ್ಲಾ ಜಾತಿಯ ಚಿಪ್ಪುಹಂದಿಗಳ ವ್ಯಾಪಾರವನ್ನು ನಿಷೇಧ ಮಾಡಿದವು. 2019ರಲ್ಲಿ ನಕ್ಷತ್ರ ಆಮೆಗೂ ಹಾಗೇ ಮಾಡಿದರು. ನಮ್ಮ ದೇಶದಲ್ಲಿ 1972ರಲ್ಲೇ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದಿದೆ. ಇವುಗಳನ್ನು ಹಿಡಿಯುವುದು, ಮಾರುವುದು ಮಾತ್ರವಲ್ಲ, ಮನೆಯಲ್ಲಿ ಇಟ್ಟುಕೊಳ್ಳುವುದೂ ಅಪರಾಧ. ನಾವು ಮಂಕರಿ ಕೆಳಗೆ ಇಟ್ಟಿದ್ದೂ ತಪ್ಪೇ ಅಂತ ನನಗೆ ಆಮೇಲೆ ತಿಳಿಯಿತು.

"ನಮ್ಮದು ಬರಗಾಲದ ಜಿಲ್ಲೆ, ನಮಗೇ ಕಷ್ಟ, ಇವುಗಳ ಚಿಂತೆ ಯಾಕೆ?" ಅಂತ ದೊಡ್ಡವರು ಕೇಳುತ್ತಾರೆ. ಆ ಮಾತೂ ಸುಳ್ಳಲ್ಲ. ಹೊಸದುರ್ಗದ ಹತ್ತಿರ ನಮ್ಮ ಸೋದರಮಾವನ ತೋಟದಲ್ಲಿ ಮುಳ್ಳುಹಂದಿ ತೆಂಗಿನ ಸಸಿಗಳ ಬುಡ ಕಡಿದು ಹಾಕಿತ್ತು. ಮಾವ ಉರುಳು ಹಾಕುತ್ತೇನೆ ಅಂತ ಹೊರಟಿದ್ದರು. ಅತ್ತೆ ಬೇಡ ಅಂದಿದ್ದಕ್ಕೆ ಸಸಿಗಳ ಸುತ್ತ ತಂತಿಯ ಜಾಲರಿ ಕಟ್ಟಿದರು. ಈಗ ಸಸಿಯೂ ಇದೆ, ಮುಳ್ಳುಹಂದಿಯೂ ಇದೆ. ಚಿಪ್ಪುಹಂದಿಯಂತೂ ನಮಗೆ ಏನೂ ತೊಂದರೆ ಕೊಡುವುದಿಲ್ಲ. ಬೆಳೆಯ ಬೇರು ತಿನ್ನುವ ಗೆದ್ದಲನ್ನೇ ತಿಂದು ಉಪಕಾರ ಮಾಡುತ್ತದೆ.

ಆದ್ದರಿಂದ ನನ್ನ ಅಭಿಪ್ರಾಯ ಇಷ್ಟು. ಕೋಟೆ ಇದ್ದರೆ ಸಾಲದು, ಕಿಂಡಿಯ ಹತ್ತಿರ ಕಾಯುವವರೂ ಬೇಕು. ಓಬವ್ವ ಒನಕೆ ಹಿಡಿದಳು, ನಮಗೆ ಒನಕೆ ಏನೂ ಬೇಡ. ಹೊಲದಲ್ಲಿ ಆಮೆ ಕಂಡರೆ ನೋಡಿ ಖುಷಿಪಡಿ, ಎತ್ತಬೇಡಿ, ಮಗುಚಬೇಡಿ. ರಸ್ತೆಯಲ್ಲಿ ಕಂಡರೆ ಎರಡೂ ಕಡೆ ಗಾಡಿ ನೋಡಿಕೊಂಡು, ಅದು ಯಾವ ಕಡೆ ಹೋಗುತ್ತಿತ್ತೋ ಆ ಕಡೆಯ ಬದಿಗೆ ದಾಟಿಸಿ ಬಿಡಿ. ಗಾಯವಾಗಿದ್ದರೆ, ಯಾರಾದರೂ ಕೊಳ್ಳಲು ಬಂದರೆ ಮೇಷ್ಟ್ರಿಗೆ ಹೇಳಿ, ಅವರು ಅರಣ್ಯ ಇಲಾಖೆಯವರಿಗೆ ತಿಳಿಸುತ್ತಾರೆ. ಐನೂರು ರೂಪಾಯಿ ಕೈಗೆ ಬರುವ ಹಾಗಿದ್ದಾಗ ಬೇಡ ಅನ್ನುವುದು ಕಷ್ಟ, ಅದು ನನಗೆ ಗೊತ್ತು. ಆ ವರ್ಷವೆಲ್ಲಾ ನಾನು ಹರಿದ ಬ್ಯಾಗಿಗೆ ಹೊಲಿಗೆ ಹಾಕಿಕೊಂಡೇ ಶಾಲೆಗೆ ಬಂದೆ. ಆದರೆ ಈಗಲೂ ಮಳೆ ಬಂದಾಗ ನಮ್ಮ ಬದುವಿನಲ್ಲಿ ಆಮೆ ಇದೆಯಾ ಅಂತ ನಾನೂ ತಮ್ಮನೂ ಹುಡುಕುತ್ತೇವೆ. ಹೋದ ವರ್ಷ ಒಂದು ಕಂಡಿತು. ಅದೇ ಆಮೆಯೋ ಬೇರೆಯೋ ಗೊತ್ತಿಲ್ಲ. ದೂರದಿಂದಲೇ ನೋಡಿ ಬಂದೆವು.

ಮೇಷ್ಟ್ರೇ, ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇದು. ಆಮೆ ನರಿಗೆ ಹೆದರಬೇಕಾಗಿಲ್ಲ, ನಮಗೆ ಹೆದರಬೇಕು. ನಮಗೂ ಹೆದರಬೇಕಾಗಿಲ್ಲ ಅನ್ನುವ ಹಾಗೆ ಮಾಡುವುದು ನಮ್ಮ ಕೈಯಲ್ಲಿದೆ. ತಪ್ಪಿದ್ದರೆ ತಿದ್ದಬೇಕಾಗಿ ಕೇಳಿಕೊಳ್ಳುತ್ತೇನೆ.

ಇಂತಿ ನಿಮ್ಮ ಗೆಳತಿ,
ಏಳನೇ ತರಗತಿ ವಿದ್ಯಾರ್ಥಿನಿ