ಜನಕ್ಕೆ ಅರ್ಥವಾಗುವುದಿಲ್ಲವಂತೆ!



ಮೊನ್ನೆ ಗಿರಣಿ ಗೇಟಿನ ಎದುರಿನ ಚಹದಂಗಡಿಯಲ್ಲಿ ಒಂದು ಮಾತು ಬಂತು. ದೊಡ್ಡ ವಿಜ್ಞಾನಿಯೊಬ್ಬರು ಪ್ರಾಧ್ಯಾಪಕ ಪೀಠ ಬಿಟ್ಟು ಸಿನಿಮಾ ಕಥೆ ಬರೆಯಲು ಹೋದರಂತೆ. ಇದು ಸರಿಯೋ ತಪ್ಪೋ? ಕೂತಿದ್ದವರಲ್ಲಿ ಕೂಡಲೇ ಎರಡು ಪಕ್ಷಗಳಾದವು. ಪಾಳಿಯ ಸೈರನ್ ಕೂಗಿದ್ದರಿಂದ ಚರ್ಚೆ ಅರ್ಧಕ್ಕೆ ನಿಂತಿತು. ಉಳಿದ ಅರ್ಧವನ್ನು ಇಲ್ಲಿ ಮುಗಿಸುತ್ತೇವೆ.

ವಿಷಯ ಇಷ್ಟು. ಅಮೆರಿಕದ ಭೌತವಿಜ್ಞಾನಿ ಕಿಪ್ ಥಾರ್ನ್ ಕ್ಯಾಲಿಫೋರ್ನಿಯದ ಕ್ಯಾಲ್‌ಟೆಕ್ ಎಂಬ ಹೆಸರಾಂತ ವಿದ್ಯಾಸಂಸ್ಥೆಯಲ್ಲಿ ದಶಕಗಳ ಕಾಲ ಪಾಠ ಹೇಳಿದವರು. ಫೈನ್‌ಮನ್‌ರ ಹೆಸರಿನ ಪೀಠದಲ್ಲಿ ಕೂತಿದ್ದವರು. 2009ರಲ್ಲಿ ಆ ಪೀಠದಿಂದ ಕೆಳಗಿಳಿದು ಬರವಣಿಗೆ ಮತ್ತು ಚಲನಚಿತ್ರಗಳ ಕಡೆ ತಿರುಗಿದರು. ಅದಕ್ಕೂ ಮೊದಲೇ ಅವರು ಲಿಂಡಾ ಆಬ್ಸ್ಟ್ ಎಂಬ ನಿರ್ಮಾಪಕಿಯ ಜೊತೆಗೂಡಿ ಒಂದು ಕಥೆಯ ರೂಪರೇಖೆ ಬರೆದಿದ್ದರು. ಜೊನಾಥನ್ ನೋಲನ್, ಕ್ರಿಸ್ಟೋಫರ್ ನೋಲನ್ ಎಂಬ ಸಹೋದರರು ಅದನ್ನು ಚಿತ್ರಕಥೆಯಾಗಿ ಬೆಳೆಸಿದರು. 2014ರ ನವೆಂಬರಿನಲ್ಲಿ 'ಇಂಟರ್‌ಸ್ಟೆಲ್ಲಾರ್' ಎಂಬ ಹೆಸರಿನಿಂದ ಅದು ತೆರೆಗೆ ಬಂತು. ಖರ್ಚು ಸುಮಾರು 16.5 ಕೋಟಿ ಡಾಲರು, ಗಳಿಕೆ 65 ಕೋಟಿ ಡಾಲರಿಗೂ ಮೇಲೆ.

ಇದನ್ನು ಕೇಳಿ ಮೂಗು ಮುರಿಯುವ ಪಂಡಿತ ಮಹಾಶಯರು ಒಂದು ಪಕ್ಷ. "ಅಂಥ ವಿದ್ವಾಂಸ ಬೆಳ್ಳಿ ಪರದೆಗೆ ಮಾರಿಕೊಂಡನಲ್ಲ!" ಎಂದು ಅವರ ಹಲುಬಾಟ. ಎರಡನೆಯ ಪಕ್ಷ ಲಾಭದ ಭಕ್ತರದು. "ಜಾಣ! ಪಾಠ ಹೇಳಿಕೊಂಡಿದ್ದರೆ ಏನು ಸಿಗುತ್ತಿತ್ತು?" ಎಂದು ಅವರ ಚಪ್ಪಾಳೆ. ನಾವು ಈ ಇಬ್ಬರನ್ನೂ ಒಪ್ಪುವುದಿಲ್ಲ. ಇಬ್ಬರಿಗೂ ಒಂದೇ ರೋಗ. ವಿಜ್ಞಾನ ಎಂಬುದು ದುಡಿಯುವ ಜನಕ್ಕೆ ಸಂಬಂಧಪಟ್ಟದ್ದಲ್ಲ, ಅವರಿಗೆ ಅದು ಅರ್ಥವಾಗುವುದೂ ಇಲ್ಲ ಎಂದು ಇಬ್ಬರೂ ಒಳಗೊಳಗೇ ನಂಬಿದ್ದಾರೆ. ನಮ್ಮ ಜಗಳ ಆ ನಂಬಿಕೆಯ ಮೇಲೆ.

ಮೊದಲು ಪಂಡಿತರಿಗೆ ಉತ್ತರ ಕೊಡೋಣ. ಕಥೆ ಬರೆಯಲು ಹೋದವನು ವಿಜ್ಞಾನ ಕೆಡಿಸುತ್ತಾನೆ ಎಂದಲ್ಲವೇ ನಿಮ್ಮ ದೂರು? 1985ರಲ್ಲಿ ಕಾರ್ಲ್ ಸೇಗನ್ ಎಂಬ ಖಗೋಳವಿಜ್ಞಾನಿ ಒಂದು ಕಾದಂಬರಿ ಬರೆಯುತ್ತಿದ್ದರು. ಕಥಾನಾಯಕಿಯನ್ನು ದೂರದ ನಕ್ಷತ್ರಕ್ಕೆ ಕಳಿಸುವ ದಾರಿ ಯಾವುದೆಂದು ಅವರು ಥಾರ್ನ್‌ರನ್ನು ಕೇಳಿದರು. ಹುಳು ಮಾವಿನಕಾಯಿಯನ್ನು ಕೊರೆದು ಈ ಮಗ್ಗುಲಿನಿಂದ ಆ ಮಗ್ಗುಲಿಗೆ ಹೋಗುವುದಿಲ್ಲವೇ, ಹಾಗೆ ಆಕಾಶದಲ್ಲಿ ಸುರಂಗವಿರಲು ಸಾಧ್ಯವೇ ಎಂದು ಥಾರ್ನ್ ಲೆಕ್ಕ ಹಾಕಲು ಕೂತರು. 1988ರಲ್ಲಿ ಮೈಕೆಲ್ ಮಾರಿಸ್ ಎಂಬ ಶಿಷ್ಯರೊಡನೆ ಅದನ್ನು ಪ್ರಕಟಿಸಿದರು. ಎಲ್ಲಿ? ಭೌತವಿಜ್ಞಾನದ ಉಪಾಧ್ಯಾಯರು ಓದುವ ಪತ್ರಿಕೆಯಲ್ಲಿ, ಪಾಠ ಹೇಳಲು ನೆರವಾಗುವ ಲೇಖನವಾಗಿ. ಕತೆಗಾರನ ಪ್ರಶ್ನೆಯಿಂದ ವಿಜ್ಞಾನಕ್ಕೊಂದು ಹೊಸ ದಾರಿ ತೆರೆಯಿತು. ಕೆಟ್ಟಿದ್ದು ಎಲ್ಲಿ, ತೋರಿಸಿ!

ಸಿನಿಮಾದವರ ಮುಂದೆಯೂ ಈ ಮನುಷ್ಯ ಕೈಕಟ್ಟಿ ನಿಲ್ಲಲಿಲ್ಲ. ಚೆನ್ನಾಗಿ ಸ್ಥಾಪಿತವಾದ ಪ್ರಕೃತಿ ನಿಯಮವನ್ನು ಕಥೆ ಮುರಿಯಕೂಡದು, ಊಹೆಗಳಿದ್ದರೆ ಅವು ನಿಜವಾದ ವಿಜ್ಞಾನದಿಂದ ಹುಟ್ಟಿರಬೇಕು. ಹೀಗೆ ಎರಡು ಕರಾರುಗಳನ್ನು ಮೊದಲೇ ಹಾಕಿಕೊಂಡಿದ್ದರು. ಪಾತ್ರವೊಂದು ಬೆಳಕಿಗಿಂತ ವೇಗವಾಗಿ ಓಡಬೇಕೆಂದು ನಿರ್ದೇಶಕರು ಬಯಸಿದಾಗ ಎರಡು ವಾರ ವಾದಮಾಡಿ ಅದನ್ನು ಕೈಬಿಡಿಸಿದರು. ತಾವು ಒಪ್ಪದ ಕಡೆ ಮುಚ್ಚಿಡಲಿಲ್ಲ. ಚಿತ್ರದಲ್ಲಿ ತೋರಿಸಿದ ಹಿಮದ ಮೋಡಗಳು ಅಷ್ಟು ಭಾರ ತಡೆಯಲಾರವು ಎಂದು ತಮ್ಮ ಪುಸ್ತಕದಲ್ಲಿ ತಾವೇ ಬರೆದರು. ಯಜಮಾನನ ಎದುರು ನಿಂತು "ಇದು ನಿಯಮಕ್ಕೆ ವಿರುದ್ಧ, ಮಾಡಕೂಡದು" ಎನ್ನುವುದು ಎಷ್ಟು ಕಷ್ಟ ಎಂಬುದನ್ನು ಗಿರಣಿಯ ಕಾರ್ಮಿಕರಿಗೆ ನಾವು ಹೇಳಬೇಕಾಗಿಲ್ಲ.

ಇನ್ನೊಂದು ಸಂಗತಿ. ಚಿತ್ರದ ಕಪ್ಪುಕುಳಿಯನ್ನು ಕಂಪ್ಯೂಟರಿನಲ್ಲಿ ಕಟ್ಟಿದವರು ಲಂಡನ್ನಿನ ಒಂದು ಕಂಪನಿಯ ಕೆಲಸಗಾರರು. ಕೆಲವು ಚೌಕಟ್ಟುಗಳ ಚಿತ್ರ ಮೂಡಿಸಲು ಯಂತ್ರಗಳಿಗೆ ನೂರು ಗಂಟೆಯ ತನಕ ಹಿಡಿಯಿತು. ಆ ಕೆಲಸದ ಬಗ್ಗೆ 2015ರಲ್ಲಿ ವಿಜ್ಞಾನ ಪತ್ರಿಕೆಯಲ್ಲಿ ಲೇಖನ ಬಂದಾಗ ಮೊದಲು ನಿಂತ ಹೆಸರುಗಳು ಆ ಕೆಲಸಗಾರರವು. ಥಾರ್ನ್‌ರ ಹೆಸರು ಕೊನೆಗೆ. ದುಡಿದವನ ಹೆಸರು ಮೇಲೆ, ದೊಡ್ಡ ಮನುಷ್ಯನ ಹೆಸರು ಕೆಳಗೆ! ನಮ್ಮ ಎಷ್ಟು ವಿದ್ಯಾಲಯಗಳಲ್ಲಿ ಈ ಪದ್ಧತಿ ಇದೆ ಎಂದು ಪಂಡಿತರು ಎದೆ ಮುಟ್ಟಿಕೊಂಡು ಹೇಳಲಿ.

ಈಗ ಲಾಭದ ಭಕ್ತರಿಗೆ ಬರೋಣ. ಮಾರುಕಟ್ಟೆಯೇ ಎಲ್ಲವನ್ನೂ ಜನಕ್ಕೆ ಮುಟ್ಟಿಸುತ್ತದೆ ಎನ್ನತಕ್ಕವರು ಇದನ್ನು ಗಮನವಿಟ್ಟು ಓದಬೇಕು.

ಕಪ್ಪುಕುಳಿಯ ಸುತ್ತ ಕಾದ ಅನಿಲ ಬಳೆಯ ಹಾಗೆ ಭಾರಿ ವೇಗದಲ್ಲಿ ಸುತ್ತುತ್ತದೆ. ನಮ್ಮ ಕಡೆಗೆ ನುಗ್ಗಿ ಬರುವ ಮಗ್ಗುಲು ಪ್ರಖರವಾಗಿ ಬೆಳಗುತ್ತದೆ. ದೂರ ಓಡುವ ಮಗ್ಗುಲು ಮಂಕಾಗುತ್ತದೆ. ಬಣ್ಣವೂ ಒಂದು ಕಡೆ ನೀಲಿಗೆ, ಇನ್ನೊಂದು ಕಡೆ ಕೆಂಪಿಗೆ ವಾಲುತ್ತದೆ. ಥಾರ್ನ್‌ರ ಸಮೀಕರಣಗಳಿಂದ ಆ ಕೆಲಸಗಾರರು ಇದನ್ನೂ ಲೆಕ್ಕ ಹಾಕಿ ಚಿತ್ರ ಮಾಡಿದ್ದರು. ಆದರೆ ಚಿತ್ರತಂಡದ ಮುಖ್ಯಸ್ಥರು ಅದನ್ನು ತೆಗೆದುಬಿಟ್ಟರು. ಕಾರಣ? ಸಾಮಾನ್ಯ ಪ್ರೇಕ್ಷಕರಿಗೆ ಗೊಂದಲವಾಗುತ್ತದಂತೆ! ತೆರೆಯ ಮೇಲೆ ಬಂದದ್ದು ಎರಡೂ ಮಗ್ಗುಲು ಸಮನಾಗಿ ಬೆಳಗುವ ಚೆಂದದ ಬಳೆ. ಸತ್ಯವಾದ ಚಿತ್ರ ವಿಜ್ಞಾನ ಪತ್ರಿಕೆಗೆ ಹೋಯಿತು, ತಿದ್ದಿದ ಚಿತ್ರ ಟಿಕೆಟು ಕೊಂಡವನಿಗೆ ಸಿಕ್ಕಿತು.

ವರ್ತಕ ಮಿತ್ರರೇ, ನೀವೇ ನ್ಯಾಯ ಹೇಳಿ. ಗಿರಾಕಿಗೆ ತಕ್ಕಡಿಯ ಲೆಕ್ಕ ತಿಳಿಯುವುದಿಲ್ಲ ಎಂದು ನೀವು ಕಿಲೋಗೆ ಐವತ್ತು ಗ್ರಾಂ ಕಡಿಮೆ ತೂಗಿದರೆ ತೂಕದ ಇನ್‌ಸ್ಪೆಕ್ಟರು ಬಂದು ಅಂಗಡಿಗೆ ಬೀಗ ಹಾಕುವುದಿಲ್ಲವೇ? ಅರಿವನ್ನು ಕಡಿಮೆ ತೂಗಿದವನಿಗೆ ಯಾವ ಇನ್‌ಸ್ಪೆಕ್ಟರಿದ್ದಾನೆ?

ರೈಲುಗಾಡಿ ಕೂಗುತ್ತ ಬರುವಾಗ ಸಿಳ್ಳು ಕೀರಲಾಗಿ ಕೇಳುತ್ತದೆ, ದಾಟಿ ಹೋದ ಮೇಲೆ ದಪ್ಪವಾಗುತ್ತದೆ. ಹಳಿಯ ಪಕ್ಕದ ಗುಡಿಸಲಿನ ಮಗುವಿಗೂ ಇದು ಗೊತ್ತು. ಶಬ್ದಕ್ಕೆ ಆಗುವುದೇ ಬೆಳಕಿಗೂ ಆಗುತ್ತದೆ ಎಂದು ಒಂದು ಮಾತು ಹೇಳಿದ್ದರೆ ಮುಗಿಯುತ್ತಿತ್ತು. 2019ರ ಏಪ್ರಿಲ್ 10ರಂದು ಜಗತ್ತಿನ ಹಲವು ದೂರದರ್ಶಕಗಳು ಸೇರಿ ತೆಗೆದ ನಿಜವಾದ ಕಪ್ಪುಕುಳಿಯ ಮೊದಲ ಚಿತ್ರ ಪ್ರಕಟವಾಯಿತು. ಅದರಲ್ಲಿ ಬಳೆಯ ಒಂದು ಮಗ್ಗುಲು ಹೆಚ್ಚು ಬೆಳಗಿತ್ತು, ಇನ್ನೊಂದು ಮಂಕಾಗಿತ್ತು. ಅದನ್ನು ನೋಡಿ ಯಾರೂ ಗೊಂದಲಕ್ಕೆ ಬಿದ್ದು ಓಡಿಹೋಗಲಿಲ್ಲ. ಅದೇ 'ಇಂಟರ್‌ಸ್ಟೆಲ್ಲಾರ್' ಚಿತ್ರವನ್ನು 2025ರ ಫೆಬ್ರವರಿಯಲ್ಲಿ ನಮ್ಮ ದೇಶದ ಥಿಯೇಟರುಗಳಲ್ಲಿ ಮತ್ತೆ ಹಾಕಿದಾಗ ಜನ ಮುಗಿಬಿದ್ದು ನೋಡಿದರು. ಕಷ್ಟದ ಕಥೆ ಎಂದು ಯಾರು ಹಿಂದೆ ಸರಿದರು?

ಥಾರ್ನ್‌ರ ಮೊದಲ ರೂಪರೇಖೆಯಲ್ಲಿ ಗುರುತ್ವದ ಅಲೆಗಳೂ ಇದ್ದವು. ವಿಜ್ಞಾನ ಹೆಚ್ಚಾಯಿತೆಂದು ಅವನ್ನೂ ಕತ್ತರಿಸಿದರು. ಚಿತ್ರ ಬಿಡುಗಡೆಯಾಗಿ ಹತ್ತು ತಿಂಗಳಿಗೆ, 2015ರ ಸೆಪ್ಟೆಂಬರ್ 14ರಂದು, ಆ ಅಲೆಗಳು ನಿಜವಾಗಿಯೇ ಸಿಕ್ಕಿಬಿದ್ದವು! ಅವನ್ನು ಹಿಡಿದದ್ದು ಲೈಗೊ ಎಂಬ ಯಂತ್ರ. ನಾಲ್ಕು ನಾಲ್ಕು ಕಿಲೋಮೀಟರಿನ ತೋಳುಗಳು, ಎರಡು ಊರುಗಳಲ್ಲಿ. ಥಾರ್ನ್ ಅದರ ಸ್ಥಾಪಕರಲ್ಲಿ ಒಬ್ಬರು. 2017ರ ನೊಬೆಲ್ ಬಹುಮಾನದಲ್ಲಿ ಪಾಲು ಪಡೆದದ್ದು ಅದಕ್ಕಾಗಿ. ಆ ಯಂತ್ರಕ್ಕೆ ನಾಲ್ಕು ದಶಕಗಳಲ್ಲಿ ಸುಮಾರು 110 ಕೋಟಿ ಡಾಲರು ಸುರಿದವರು ಯಾರು? ಯಾವ ಸಿನಿಮಾ ಕಂಪನಿಯೂ ಅಲ್ಲ. ಅಮೆರಿಕದ ಸರಕಾರ, ಎಂದರೆ ತೆರಿಗೆ ಕೊಟ್ಟ ಅಲ್ಲಿನ ಡ್ರೈವರು, ದಾದಿ, ಅಂಗಡಿಯವನು. ಜನರ ಹಣದಿಂದ ಬೆಳೆದ ಜ್ಞಾನ ಜನರನ್ನು ಮುಟ್ಟಲು ಮತ್ತೆ ಟಿಕೆಟು ಕೊಳ್ಳಬೇಕು. ಕೊಂಡ ಮೇಲೂ ಪೂರ್ತಿ ಸಿಗುವುದಿಲ್ಲ. ಇದು ಬಂಡವಾಳದ ಧರ್ಮ. ತಪ್ಪು ಸಿನಿಮಾಕ್ಕೆ ಹೋದ ವಿಜ್ಞಾನಿಯದಲ್ಲ. ಬೇರೆ ಬಾಗಿಲು ತೆರೆಯದ ಸಮಾಜದ್ದು.

ಚಿತ್ರದ ಒಳಗಿನ ಕಥೆಯೂ ಇದನ್ನೇ ಹೇಳುತ್ತದೆ. ಭೂಮಿಯ ಬೆಳೆಗಳು ರೋಗ ಬಂದು ಸಾಯುತ್ತಿವೆ. ಉಳಿಯುವ ದಾರಿಯನ್ನು ಕೆಲವರು ಗುಟ್ಟಾಗಿ ಹುಡುಕುತ್ತಿದ್ದಾರೆ. ಅವರ ಮುಖ್ಯಸ್ಥನಾದ ವೃದ್ಧ ಪ್ರಾಧ್ಯಾಪಕ, ತನ್ನ ಲೆಕ್ಕ ಫಲಿಸುವುದಿಲ್ಲ ಎಂದು ತಿಳಿದೂ, ಎಲ್ಲರನ್ನೂ ಉಳಿಸುತ್ತೇನೆಂದು ವರ್ಷಾನುಗಟ್ಟಲೆ ಸುಳ್ಳು ಹೇಳಿ ದುಡಿಸಿಕೊಳ್ಳುತ್ತಾನೆ. ಏಕೆ? ಸತ್ಯ ಹೇಳಿದರೆ ಜನ ಕೆಲಸ ಮಾಡುವುದಿಲ್ಲ ಎಂದು! ಇನ್ನು ಅಲ್ಲಿನ ಶಾಲೆ: ಚಂದ್ರನ ಮೇಲೆ ಮನುಷ್ಯ ಇಳಿದದ್ದೇ ಸುಳ್ಳು ಎಂದು ಪಾಠ ಹೇಳುತ್ತದೆ, ಅಂಕದ ಪಟ್ಟಿ ನೋಡಿ ನಾಯಕನ ಮಗನಿಗೆ ಕಾಲೇಜು ಬೇಡ, ಬೇಸಾಯ ಸಾಕು ಎನ್ನುತ್ತದೆ. ಯಾರಿಗೆ ಎಷ್ಟು ತಿಳಿದರೆ ಸಾಕು ಎಂಬುದನ್ನು ಬೇರೆ ಯಾರೋ ತೀರ್ಮಾನಿಸುತ್ತಾರೆ.

ಆ ಶಾಲೆಯನ್ನು ನೋಡಿದಾಗ ನಮಗೆ ನಗು ಬರಲಿಲ್ಲ, ನಾಚಿಕೆಯಾಯಿತು. ಪಕ್ಷದ ಕೆಲಸಕ್ಕೆ ಬರುವ ಮೊದಲು ನಾವೂ ಕೆಲವು ವರ್ಷ ಸೀಮೆಸುಣ್ಣ ಹಿಡಿದವರು. ನಮ್ಮ ಓದು ಮೆಟ್ರಿಕ್‌ಗೆ ನಿಂತದ್ದು. ಒಂದು ದಿನ ಹಮಾಲರ ಮನೆಯ ಹುಡುಗಿ ಎದ್ದು ನಿಂತು, "ಮೇಷ್ಟ್ರೇ, ಭೂಮಿ ತಿರುಗ್ತದೆ ಅಂತೀರಿ, ಬಾವಿ ನೀರು ಯಾಕೆ ಚೆಲ್ಲೋದಿಲ್ಲ?" ಎಂದು ಕೇಳಿದಳು. ನಮಗೆ ಪೂರ್ತಿ ಗೊತ್ತಿರಲಿಲ್ಲ. ನಾಳೆ ಓದಿಕೊಂಡು ಬಂದು ಹೇಳುತ್ತೇನೆ ಎಂದು ಪ್ರಶ್ನೆಯನ್ನು ಹಲಗೆಯ ಮೇಲೆ ಬರೆದಿಟ್ಟೆವು. ತಪಾಸಣೆಗೆ ಬಂದಿದ್ದ ಮಹನೀಯರು ಅದನ್ನು ನೋಡಿ, "ಈ ಮಕ್ಕಳಿಗೆ ಇದೆಲ್ಲ ಯಾಕ್ರೀ? ಪರೀಕ್ಷೆಗೆ ಬರೋದನ್ನ ಹೇಳಿಕೊಡಿ" ಎಂದರು. ನಾವು ಹಲಗೆ ಒರೆಸಿದೆವು. ಒರೆಸಿದ ಕೈ ನಮ್ಮದೇ. ಹುಡುಗಿ ಮತ್ತೆ ಪ್ರಶ್ನೆ ಕೇಳಲಿಲ್ಲ. ಆದ್ದರಿಂದ ಈ ರೋಗ ಹಾಲಿವುಡ್ಡಿನಲ್ಲಿ ಮಾತ್ರ ಇದೆ ಎಂದು ಯಾರೂ ತಿಳಿಯಬೇಡಿ.

ಬೇರೆ ಬಾಗಿಲು ಇರಲು ಸಾಧ್ಯವೇ? ಸಾಧ್ಯ. ಸಾಕ್ಷಿ ನಮ್ಮ ಬೆಂಗಳೂರಿನಲ್ಲೇ ಇದೆ. ಆದರೆ ಹಿತ್ತಲ ಗಿಡ ಮದ್ದಲ್ಲವಲ್ಲ! ಕನ್ನಡ ಲೇಖಕ ಸಿ.ಕೆ. ವೆಂಕಟರಾಮಯ್ಯನವರ ಮಗ ಸಿ.ವಿ. ವಿಶ್ವೇಶ್ವರ, 1938ರಲ್ಲಿ ಹುಟ್ಟಿ 2017ರಲ್ಲಿ ತೀರಿಕೊಂಡವರು. ಸಂತೆಯಲ್ಲಿ ಹೆಂಗಸರು ಮಡಕೆ ಕೊಳ್ಳುವಾಗ ಬೆರಳಿನಿಂದ ಬಡಿದು ನಾದ ಕೇಳುತ್ತಾರೆ. ನಾದದಿಂದಲೇ ಮಡಕೆಯ ಗುಣ ತಿಳಿಯುತ್ತದೆ. ಕಪ್ಪುಕುಳಿಯನ್ನು ಕೆಣಕಿದರೆ ಅದೂ ಹಾಗೆಯೇ ತನ್ನದೇ ನಾದದಲ್ಲಿ ಮಿಡಿದು ಸುಮ್ಮನಾಗುತ್ತದೆ, ಆ ನಾದ ಅದರ ಗುಣ ಹೇಳುತ್ತದೆ ಎಂದು 1970ರಲ್ಲಿ ಲೆಕ್ಕದಿಂದ ತೋರಿಸಿದವರು ಇವರು. ನಲವತ್ತೈದು ವರ್ಷಗಳ ತರುವಾಯ ಲೈಗೊ ಹಿಡಿದ ಅಲೆಯ ಕೊನೆಯಲ್ಲಿ ಇದ್ದದ್ದು ಅಂಥದೇ ಮಿಡಿತ. ಈ ವಿದ್ವಾಂಸರೂ ಚಿತ್ರಕಥೆಯಂಥ ಕಥನ ಬರೆದರು. ಆದರೆ ಯಾವ ಕಂಪನಿಗೂ ಅಲ್ಲ. 1989ರಲ್ಲಿ ತೆರೆದ ಬೆಂಗಳೂರಿನ ನೆಹರು ತಾರಾಲಯಕ್ಕೆ ಸ್ಥಾಪಕ ನಿರ್ದೇಶಕರಾಗಿ, ಶಾಲೆಯ ಮಕ್ಕಳು ಕೂತು ನೋಡುವ ಪ್ರದರ್ಶನಗಳಿಗೆ. ಕನ್ನಡದ ಮಕ್ಕಳು ಅಲ್ಲಿ ಕನ್ನಡದಲ್ಲೇ ಆಕಾಶ ನೋಡಿದರು. ಅರ್ಥವಾಗಲಿಲ್ಲ ಎಂದು ಯಾರೂ ದೂರು ಕೊಡಲಿಲ್ಲ.

ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಬಿಡಿಸಿ ಹೇಳಲಾರದ ಪಂಡಿತ ಜನ ದಡ್ಡರು ಎನ್ನುತ್ತಾನೆ. ಬಿಡಿಸಿ ಹೇಳಲು ಇಷ್ಟವಿಲ್ಲದ ಬಂಡವಾಳಗಾರ ಜನಕ್ಕೆ ಇಷ್ಟು ಸಾಕು ಎನ್ನುತ್ತಾನೆ. ಬೆಲೆ ಏಕೆ ಏರಿತು, ಗಿರಣಿ ಏಕೆ ಮುಚ್ಚಿತು, ತೆರಿಗೆ ಎಲ್ಲಿ ಹೋಯಿತು ಎಂದು ಕೇಳಿದಾಗಲೂ ನಮಗೆ ಸಿಗುವ ಉತ್ತರ ಇದೇ ಅಲ್ಲವೇ? "ಅದೆಲ್ಲ ನಿಮಗೆ ಅರ್ಥವಾಗುವುದಿಲ್ಲ." ಕಪ್ಪುಕುಳಿಯ ಮಂಕು ಮಗ್ಗುಲನ್ನು ಮುಚ್ಚಿದ ಕೈಯೇ ಕಂಪನಿಯ ಲೆಕ್ಕದ ಪುಸ್ತಕವನ್ನೂ ಮುಚ್ಚುತ್ತದೆ.

ಆದ್ದರಿಂದ ನಮ್ಮ ಬೇಡಿಕೆ ಸ್ಪಷ್ಟ. ಬೀದರಿನ ಗಡಿಯಾಚೆಯ ಮರಾಠವಾಡಾದಲ್ಲಿ, ಹಿಂಗೋಲಿಯಲ್ಲಿ, ನಮ್ಮದೇ ಲೈಗೊ ಕಟ್ಟಲು ಕೇಂದ್ರ ಸರಕಾರ 2023ರ ಏಪ್ರಿಲ್‌ನಲ್ಲಿ ಸುಮಾರು 2,600 ಕೋಟಿ ರೂಪಾಯಿಗೆ ಒಪ್ಪಿಗೆ ಕೊಟ್ಟಿತು. ಕಟ್ಟಲಿ, ನಾವು ವಿರೋಧಿಗಳಲ್ಲ. ಆದರೆ ಅದರಲ್ಲಿ ನಿಮ್ಮ ಬೆಂಕಿಪೆಟ್ಟಿಗೆಯ ಮೇಲಿನ ತೆರಿಗೆಯೂ ಇದೆ. ಅಲ್ಲಿ ಏನು ನಡೆಯುತ್ತದೆ ಎಂಬುದನ್ನು ಪ್ರತಿ ಜಿಲ್ಲಾ ಊರಿನ ಪುರಭವನಕ್ಕೆ ಬಂದು, ಜನರ ಭಾಷೆಯಲ್ಲಿ, ಟಿಕೆಟಿಲ್ಲದೆ ವಿಜ್ಞಾನಿಗಳು ಹೇಳಬೇಕು. ಪಾಳಿ ಮುಗಿದ ಮೇಲೆ, ಅಂಗಡಿ ಬಾಗಿಲು ಹಾಕಿದ ಮೇಲೆ ನಾವು ಬಂದು ಕೂರುತ್ತೇವೆ. ಕಥೆ ಬರೆಯಬಲ್ಲ ವಿಜ್ಞಾನಿಗೆ ಸಾರ್ವಜನಿಕ ಹಣದಿಂದ ಚಿತ್ರ ತೆಗೆಯುವ ಅವಕಾಶವಿರಲಿ. ಆಗ ಅವರು ಯಾವ ಕಂಪನಿಯ ಬಾಗಿಲಿಗೂ ಹೋಗಬೇಕಾಗಿಲ್ಲ.

ಕೊನೆಯದಾಗಿ ನಮ್ಮ ಒಂದು ಸಾಲ ತೀರಿಸುತ್ತೇವೆ. ಮಗಳೇ, ನೀನು ಈಗ ಎಲ್ಲಿದ್ದೀಯೋ ತಿಳಿಯದು, ಯಾರಾದರೂ ನಿನಗೆ ಇದನ್ನು ಓದಿ ಹೇಳಲಿ. ಬಸ್ಸು ಒಂದೇ ವೇಗದಲ್ಲಿ ಓಡುವಾಗ ಕೈಯ ಲೋಟದ ನೀರು ಚೆಲ್ಲುವುದಿಲ್ಲ, ಬ್ರೇಕು ಹಾಕಿದಾಗ ಚೆಲ್ಲುತ್ತದೆ. ಭೂಮಿ ಬ್ರೇಕು ಹಾಕುವುದಿಲ್ಲ. ತಿರುಗುವುದರಿಂದ ನೀರನ್ನು ಹೊರಕ್ಕೆ ಎಸೆಯುವ ಬಲ ಅತಿ ಹೆಚ್ಚಾಗಿರುವ ಭೂಮಧ್ಯರೇಖೆಯಲ್ಲೂ, ನೀರನ್ನು ಕೆಳಕ್ಕೆ ಹಿಡಿದಿರುವ ಅದರ ಸೆಳೆತ ಸುಮಾರು 290 ಪಾಲು ಹೆಚ್ಚು. ಅದಕ್ಕೇ ನಿಮ್ಮ ಬಾವಿಯ ನೀರು ಬಾವಿಯಲ್ಲೇ ಇದೆ.

ನಿನ್ನ ಪ್ರಶ್ನೆ ಸರಿಯಾಗಿತ್ತು. ನಾವು ಹಲಗೆ ಒರೆಸಿದ್ದು ತಪ್ಪು.