ಬಂದೂಕಿಗೆ ಚಂದ ಯಾಕೆ ಬೇಕು?

ಚಂದ ಎಂಬ ಮಾತನ್ನು ನಾವು ಹೆಂಗಸರು ಸೀರೆಗೆ ಹೇಳುತ್ತೇವೆ, ರಂಗೋಲಿಗೆ ಹೇಳುತ್ತೇವೆ, ತೊಟ್ಟಿಲಿನ ಕೂಸಿಗೆ ಹೇಳುತ್ತೇವೆ. ಈಚೆಗೆ ಗಂಡಸರು ಅದೇ ಮಾತನ್ನು ಬಂದೂಕಿಗೆ ಹೇಳುವುದನ್ನು ಕೇಳುತ್ತಿದ್ದೇನೆ. ನನಗಿದು ಒಪ್ಪಿಗೆಯಿಲ್ಲ. ಕೊಲ್ಲುವ ವಸ್ತುವಿಗೆ ಚಂದದ ಅಂಗಿ ತೊಡಿಸಿದರೆ ಅದು ಕೊಲ್ಲುವ ವಸ್ತು ಎಂಬುದು ಮರೆತುಹೋಗುತ್ತದೆ. ಮರೆಸುವುದಕ್ಕೆಂದೇ ಆ ಅಂಗಿ ಎಂಬುದು ನನ್ನ ವಾದ.

ನನ್ನ ತವರು ದೇವದುರ್ಗ, ಗಂಡನ ಮನೆ ಮಾನ್ವಿ, ಸಂಸಾರ ರಾಯಚೂರಿನಲ್ಲಿ. ಮಾನ್ವಿಯಲ್ಲಿರುವ ಮೈದುನನಿಗೆ ಬಂದೂಕಿನ ಲೈಸೆನ್ಸ್ ಮಾಡಿಸುವ ಹುಚ್ಚು ಹಿಡಿದಿದೆ. ಕಾಲುವೆ ನೀರಿನ ಗದ್ದೆ ಇದೆ, ಕೈಯಲ್ಲಿ ನಾಲ್ಕು ಕಾಸು ಓಡಾಡುತ್ತಿದೆ. ಅಮೆರಿಕದ ಮಾಸ್‌ಬರ್ಗ್ ಕಂಪನಿಯ 'ರೆಟ್ರೋಗ್ರೇಡ್' ಎಂಬ ಬಂದೂಕಿನ ಚಿತ್ರವನ್ನು ಮೊಬೈಲಿನಲ್ಲಿ ತೋರಿಸಿ, "ನೋಡ್ರಿ ವೈನಿ, ಹಳೇ ಕಾಲದ್ದರಂಗ ಎಷ್ಟು ಚಂದ ಅದ! ಇದು ಸಿಗದಿದ್ರ ಇದೇ ನಮೂನಿದು ಒಂದು ತಗೋತೀನಿ" ಅಂದ. ಅವನ ಹೆಂಡತಿ, ನನ್ನ ನೆಗೆಣ್ಣಿ, ಅಡಿಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಅವಳ ಮಗನಿಗೆ ಒಂಬತ್ತು ವರ್ಷ. "ನನ್ನನ್ಯಾರು ಕೇಳ್ತಾರಕ್ಕಾ?" ಎಂದಷ್ಟೇ ಹೇಳಿದಳು. ನಾನಿದನ್ನು ಬರೆಯುತ್ತಿರುವುದು ಆ ಪ್ರಶ್ನೆಗಾಗಿ.

ಆ ಬಂದೂಕಿನಲ್ಲಿ ಏನಿದೆ ಎಂದು ನಾನೂ ನೋಡಿದೆ. ಅರಿಯದೆ ಬಯ್ಯಬಾರದಲ್ಲ! ಹೆಗಲಿಗೆ ಒತ್ತಿಕೊಳ್ಳುವ ಭಾಗ ಪ್ಲಾಸ್ಟಿಕ್ಕಿನದಲ್ಲ, ಆಕ್ರೋಟ್ ಮರದ್ದು. ಮುಂಗೈ ಹಿಡಿಯುವ ಕಡೆ ಮೆಕ್ಕೆಜೋಳದ ದಿಂಡಿನಂತೆ ಸುತ್ತ ಗೆರೆ ಕೊರೆದ ಕಟ್ಟಿಗೆಯ ಹಿಡಿ. ನಳಿಗೆಯ ಕೆಳಗೆ ಇನ್ನೊಂದು ಕೊಳವೆ, ಅದರೊಳಗೆ ತೋಟಾಗಳ ಸಾಲು. ಹಿಡಿಯನ್ನು ಹಿಂದಕ್ಕೆ ಎಳೆದರೆ ಸುಟ್ಟ ತೋಟಾ ಹೊರಕ್ಕೆ, ಮುಂದಕ್ಕೆ ನೂಕಿದರೆ ಹೊಸ ತೋಟಾ ಒಳಕ್ಕೆ. ಪಂಪ್ ಹೊಡೆದ ಹಾಗೆ. ಆದ್ದರಿಂದಲೇ ಆ ಹೆಸರು. ಬೋರ್ 12. ಒಂದು ಪೌಂಡು ಸೀಸದಿಂದ ಸಮನಾದ 12 ಗುಂಡು ಮಾಡಿದರೆ ಒಂದೊಂದು ಎಷ್ಟು ದಪ್ಪವಾಗುತ್ತದೋ ಆ ನಳಿಗೆಯ ಬಾಯಿಯೂ ಅಷ್ಟು ದಪ್ಪ. ಅದರಿಂದ ಹಾರುವುದು ಸಾಮಾನ್ಯವಾಗಿ ಒಂದೇ ಗುಂಡಲ್ಲ, ಹರಡುತ್ತ ಹೋಗುವ ಚರೆ.

ಈ ನಮೂನೆಯ ಒಂದು ಬಂದೂಕಿನ ನಳಿಗೆಯ ಮೇಲೆ ತೂತು ತೂತಾದ ಲೋಹದ ಹೊದಿಕೆ ಇದೆ. ಮೈದುನ ಅದನ್ನು ಜಾಲಂಧ್ರದ ಕೆತ್ತನೆಗೆ ಹೋಲಿಸಿದ. ನಳಿಗೆಯ ತುದಿಯಲ್ಲಿ ಒಂದು ಗೂಟವೂ ಇದೆ. ಇವೆರಡೂ ಅಲಂಕಾರಕ್ಕೆ ಹುಟ್ಟಿದವಲ್ಲ. ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನಿಕರು ಪಂಪ್ ಬಂದೂಕು ಹಿಡಿದು ಕಂದಕಗಳಿಗೆ ಇಳಿದರು. ಮೇಲಿಂದ ಮೇಲೆ ಹೊಡೆದು ಕಾದ ನಳಿಗೆ ಕೈ ಸುಡಬಾರದೆಂದು ಆ ಹೊದಿಕೆ. ತೋಟಾ ಮುಗಿದರೆ ಎದುರಿಗಿದ್ದವನನ್ನು ತಿವಿಯಲು ಬಯೋನೆಟ್ ಸಿಕ್ಕಿಸುವುದಕ್ಕೆ ಆ ಗೂಟ. ಆ ಬಂದೂಕು ಮಾಡಿದ ಗಾಯ ಎಂಥದೆಂದರೆ, ವಿಷಾನಿಲ ಬಿಟ್ಟ ಜರ್ಮನಿಯೇ 1918ರ ಸೆಪ್ಟೆಂಬರಿನಲ್ಲಿ ಇದು ಯುದ್ಧದ ನಿಯಮಕ್ಕೆ ವಿರುದ್ಧ ಎಂದು ಪ್ರತಿಭಟಿಸಿತು. ಅದೇ ಹೊದಿಕೆ, ಅದೇ ಗೂಟ ಇಂದು 'ಹಳೆಯ ಸೊಬಗು' ಎಂಬ ಹೆಸರಿನಲ್ಲಿ ಮಾರಾಟಕ್ಕಿದೆ. ಮಾನ್ವಿಯ ಪಡಸಾಲೆಯಲ್ಲಿ ಯಾರನ್ನು ತಿವಿಯಬೇಕಾಗಿದೆ?

"ನಮ್ಮದು ವೀರರ ನಾಡು, ಆಯುಧ ನಮ್ಮ ಪರಂಪರೆ" ಎನ್ನುವವರಿದ್ದಾರೆ. ಹಲಗಲಿಯ ಬೇಡರ ಹೆಸರು ಹೇಳುತ್ತಾರೆ. 1857ರಲ್ಲಿ ಇಂಗ್ಲಿಷರು ಹತಾರು ಒಪ್ಪಿಸಿ ಎಂದಾಗ ಅವರು ಒಪ್ಪಲಿಲ್ಲ, ಪ್ರಾಣ ಕೊಟ್ಟರು. ನಿಜ. ಆದರೆ ಅವರಿಗೆ ಹತಾರು ಅನ್ನವಾಗಿತ್ತು, ಮಾನವಾಗಿತ್ತು. ಗೋಡೆಗೆ ನೇತುಹಾಕುವ ಸಾಮಾನಾಗಿರಲಿಲ್ಲ. ಕೊಡಗಿನವರನ್ನು ನೋಡಿ ಎನ್ನುತ್ತಾರೆ. ಅಲ್ಲಿ ಅದು ಹಬ್ಬದಲ್ಲಿ ಪೂಜೆಗೊಳ್ಳುವ, ಬಾಳುವೆಯಲ್ಲಿ ಬೆರೆತ ಕ್ರಮ. ಆದರೂ ಒಂದು ಮಾತು ಕೇಳಬೇಕೆನಿಸುತ್ತದೆ: ಅಲ್ಲಿನ ಸಂಪ್ರದಾಯದಲ್ಲಿ ಗುಂಡು ಹಾರಿಸಿ ಊರಿಗೆ ಸಾರುತ್ತಿದ್ದುದು ಗಂಡು ಕೂಸಿನ ಜನನವನ್ನು. ಹೆಣ್ಣು ಹುಟ್ಟಿದರೆ?

ನಮ್ಮ ರಾಯಚೂರಿಗೂ ಬಂದೂಕಿನ ಚರಿತ್ರೆ ಇದೆ. 1520ರಲ್ಲಿ ಕೃಷ್ಣದೇವರಾಯ ಈ ಕೋಟೆಗೆ ಮುತ್ತಿಗೆ ಹಾಕಿದಾಗ ಪೋರ್ಚುಗೀಸ್ ಬಂದೂಕುಗಾರರು ಅವನ ಕಡೆ ಇದ್ದರು. ಗೋಡೆಯ ಮೇಲಿಂದ ಇಣುಕಿದವರನ್ನು ಅವರು ಹೊಡೆದುರುಳಿಸಿದರು. ಕೋಟೆಯ ಅಧಿಕಾರಿಯೇ ಹಾಗೆ ಇಣುಕಿ ಹಣೆಗೆ ಗುಂಡು ತಾಗಿ ಬಿದ್ದ ಎಂದು ನೂನಿಜ್ ಬರೆದಿಟ್ಟಿದ್ದಾನೆ. ನಾಯಕ ಬಿದ್ದ ಮೇಲೆ ಕೋಟೆ ಶರಣಾಯಿತು. ಇಣುಕಿದವನು ಸಾಯುತ್ತಾನೆ, ಇದು ಬಂದೂಕಿನ ಪರಂಪರೆ. ಪರಂಪರೆಯೇ ಬೇಕೆಂದರೆ ಮಾನ್ವಿ ಜಗನ್ನಾಥದಾಸರ ಊರು, ದೇವದುರ್ಗ ತಾಲೂಕಿನ ಮೊಸರಕಲ್ಲು ಗೋಪಾಲದಾಸರ ಊರು. ಅವರು ಮೊಮ್ಮಕ್ಕಳಿಗೆ ಬಿಟ್ಟುಹೋದದ್ದು ತಂಬೂರಿಯನ್ನು.

ದೇವದುರ್ಗದಲ್ಲಿ ನಮ್ಮಜ್ಜನ ಹತ್ತಿರವೂ ಒಂದು ಬಂದೂಕಿತ್ತು. ಜೋಳದ ಹೊಲಕ್ಕೆ ನುಗ್ಗುವ ಹಂದಿಯನ್ನು ಬೆದರಿಸಲಿಕ್ಕೆ ಇಟ್ಟಿದ್ದ. ಚುನಾವಣೆ ಬಂದಾಗ ಠಾಣೆಗೆ ಒಪ್ಪಿಸಿ ರಶೀದಿ ತರುತ್ತಿದ್ದ. ಅದನ್ನು ಚಂದ ಎಂದು ಅವನು ಒಮ್ಮೆಯೂ ಅನ್ನಲಿಲ್ಲ. ನೇಗಿಲಿಗೆ ಅಂದಾನು, ಅದಕ್ಕೆ ಅನ್ನಲಿಲ್ಲ. ಅಜ್ಜಿಯಂತೂ ಅದನ್ನು 'ಆ ಕಬ್ಬಿಣ' ಎನ್ನುತ್ತಿದ್ದಳು. ಈಗ ಬೆಳೆಯ ನೆಪವೂ ಗಟ್ಟಿಯಲ್ಲ. ನಮ್ಮ ಕಡೆ ಹೊಲಕ್ಕೆ ಬರುವ ಜಿಂಕೆಗೆ ಗುಂಡು ಹೊಡೆದರೆ 1972ರ ವನ್ಯಜೀವಿ ಕಾಯ್ದೆಯಡಿ ಜೈಲು.

ಉಳಿದದ್ದು ಕೊನೆಯ ವಾದ: "ನಿಮ್ಮ ರಕ್ಷಣೆಗೇ ತರ್ತೀವಿ." ನಮ್ಮ ಹೆಸರಿನಲ್ಲಿ! 2016ರ ಶಸ್ತ್ರಾಸ್ತ್ರ ನಿಯಮಗಳಂತೆ ಬಂದೂಕನ್ನು ಬೀಗದೊಳಗೆ ಭದ್ರವಾಗಿಡಬೇಕು. ಹಾಗಿಟ್ಟರೆ ಕಳ್ಳ ಬಂದ ರಾತ್ರಿ ಬೀಗದ ಕೈ ಹುಡುಕುವಷ್ಟರಲ್ಲಿ ಕಳ್ಳ ಊರು ದಾಟಿರುತ್ತಾನೆ. ಬೀಗ ಹಾಕದೆ, ತೋಟಾ ತುಂಬಿ ಕೈಗೆ ಸಿಗುವ ಹಾಗಿಟ್ಟರೆ, ಆ ಕೈ ಒಂಬತ್ತು ವರ್ಷದ ಹುಡುಗನದೂ ಆಗಬಹುದು. ಎರಡರಲ್ಲಿ ಯಾವುದು ರಕ್ಷಣೆ? ಇನ್ನೂ ಒಂದು ಮಾತಿದೆ, ಅದನ್ನು ಬಾಯಿಬಿಟ್ಟು ಹೇಳುವವರು ಕಡಿಮೆ. ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೋದ ವರದಿಗಳಲ್ಲಿ ಹೆಂಗಸರ ಮೇಲಿನ ಅಪರಾಧಗಳ ಪೈಕಿ ವರ್ಷ ವರ್ಷವೂ ಮೊದಲ ಸ್ಥಾನ ಗಂಡ ಮತ್ತು ಅವನ ಕಡೆಯವರ ಕ್ರೌರ್ಯದ್ದು. ನಮ್ಮಲ್ಲಿ ಬಹಳ ಮಂದಿಗೆ ಭಯ ಹಿತ್ತಲ ಬಾಗಿಲಿನಿಂದ ಬರುವುದಿಲ್ಲ, ಊಟಕ್ಕೆ ಕುಳಿತಲ್ಲೇ ಇರುತ್ತದೆ. ಅಂಥ ಮನೆಗೆ ಬಂದೂಕು ಬಂದರೆ ಅದನ್ನು ಹಾರಿಸಲೇಬೇಕೆಂದಿಲ್ಲ. ಗೋಡೆಯ ಮೇಲಿದ್ದರೆ ಸಾಕು, ಹೆಂಡತಿಯ ದನಿ ಅಡಗುತ್ತದೆ.

ಕಾನೂನು ಅಷ್ಟಿಷ್ಟು ಮಾಡಿದೆ. 2019ರ ತಿದ್ದುಪಡಿ ಒಬ್ಬರು ಇಟ್ಟುಕೊಳ್ಳಬಹುದಾದ ಬಂದೂಕುಗಳನ್ನು ಮೂರರಿಂದ ಎರಡಕ್ಕೆ ಇಳಿಸಿತು. ವಂಶದಿಂದ ಬಂದದ್ದೂ ಆ ಲೆಕ್ಕದಲ್ಲೇ ಸೇರಿತು. ಮದುವೆ ಮೆರವಣಿಗೆಯಲ್ಲಿ ಗುಂಡು ಹಾರಿಸಿ ಇತರರ ಜೀವಕ್ಕೆ ಅಪಾಯ ತಂದವನಿಗೆ 2 ವರ್ಷದವರೆಗೆ ಜೈಲು, 1 ಲಕ್ಷದವರೆಗೆ ದಂಡ, ಅಥವಾ ಎರಡೂ. ಸಂತೋಷ. ಆದರೆ ಲೈಸೆನ್ಸಿನ ಅವಧಿಯನ್ನು 3 ವರ್ಷದಿಂದ 5ಕ್ಕೆ ಏರಿಸಿದ್ದೂ ಅದೇ ತಿದ್ದುಪಡಿ. ಐದು ವರ್ಷದಲ್ಲಿ ಒಂದು ಮನೆಯೊಳಗೆ ಏನೇನು ಬದಲಾಗುವುದಿಲ್ಲ!

ಕೆನಡಾದಲ್ಲಿ ಬಂದೂಕಿನ ಅರ್ಜಿಯ ಮೇಲೆ ಹೆಂಡತಿಯ ಸಹಿ ಕೇಳುತ್ತಾರೆ. ಅವಳು ಸಹಿ ಮಾಡದಿದ್ದರೆ ಅಧಿಕಾರಿಗಳು ವಿಚಾರಿಸುತ್ತಾರೆ. ನಮ್ಮಲ್ಲೂ ಅದು ಬರಲಿ. ಜಿಲ್ಲಾಧಿಕಾರಿಯ ಮೇಜಿಗೆ ಹೋಗುವ ಅರ್ಜಿ ಮೊದಲು ಅಡಿಗೆಮನೆಯ ಹೊಸ್ತಿಲು ದಾಟಿ ಹೋಗಲಿ. ಪೊಲೀಸರು ವಿಚಾರಣೆಗೆ ಬಂದಾಗ ಗಂಡಸರನ್ನು ಹೊರಗೆ ಕೂರಿಸಿ ಮನೆಯ ಹೆಂಗಸನ್ನು ಒಬ್ಬಳನ್ನೇ ಕೇಳಲಿ.

ಕಾನೂನು ಬರುವವರೆಗೆ ನಾವೇ ಕೇಳೋಣ. ನಿಮ್ಮ ಮನೆಯಲ್ಲಿ ಯಾರಾದರೂ ಇಂಥ ಚಿತ್ರ ತೋರಿಸಿ ಚಂದ ಅಂದರೆ ಮೂರು ಪ್ರಶ್ನೆ ಸಾಕು: ಇದರ ಬೀಗದ ಕೈ ಯಾರ ಹತ್ತಿರ ಇರುತ್ತದೆ? ಕುಡಿದು ಬಂದ ರಾತ್ರಿ ಇದು ಎಲ್ಲಿರುತ್ತದೆ? ನಾನು ಬೇಡ ಅಂದರೆ ಬೇಡವೇ? ಮೂರನೆಯದಕ್ಕೆ ಉತ್ತರ ಬರದಿದ್ದರೆ, ಆ ಬಂದೂಕು ಯಾರನ್ನು ಕಾಯಲು ಬರುತ್ತಿದೆ ಎಂಬುದು ನಿಮಗೇ ತಿಳಿಯುತ್ತದೆ.